ಎರಡನೇ ಎಡ್ವರ್ಡ್

ನಮ್ಮ ನೆದರ್‌ಕೂಮ್‌ನಲ್ಲಿ ಒಂದು ಕಾಲಕ್ಕೆ ಬೀದಿಯ ತುದಿಯಲ್ಲಿ ನಿಂತು ‘ಎಡ್ವರ್ಡ್’ ಎಂದು ಕೂಗಿದರೆ ಇಪ್ಪತ್ತಮೂರು ಗಂಡಸರು, ಎರಡು ಕುದುರೆ, ಚರ್ಚಿನ ಗೋಪುರದ ಮೇಲೆ ಕೂತ ಒಂದು ಕಾಗೆ, ಇಷ್ಟೂ ಒಟ್ಟಿಗೆ ಕತ್ತು ತಿರುಗಿಸುತ್ತಿದ್ದವು. ಕಾಗೆಯ ವಿಷಯದಲ್ಲಿ ನಾನು ಪ್ರಮಾಣ ಮಾಡಲಾರೆ. ಕುದುರೆಗಳನ್ನು ಮಾತ್ರ ಕಣ್ಣಾರೆ ಕಂಡಿದ್ದೇನೆ.

ಆ ಹೆಸರಿನ ಮೇಲೆ ನಮ್ಮ ಡೆವನ್ ಸೀಮೆಯ ಜನಕ್ಕೆ ಅಷ್ಟೇಕೆ ಮೋಹ ಎಂದರೆ, ಅದು ಎಲ್ಲರಿಗೂ ಆಗುವ ಹೆಸರು. ಸಿಂಹಾಸನದ ಮೇಲೆ ಕೂರುವವನಿಗೂ ಅದೇ, ಕಿಟಕಿಯ ಬಣ್ಣದ ಗಾಜಿನಲ್ಲಿ ನಿಂತ ಸಂತನಿಗೂ ಅದೇ, ಹಂದಿಗೆ ಕಲಗಚ್ಚು ಹುಯ್ಯುವವನಿಗೂ ಅದೇ. ಚರ್ಚಿನಲ್ಲಿ ಎಡ್ವರ್ಡ್, ಹೊಲದಲ್ಲಿ ನೆಡ್, ಹೆಂಡತಿಯ ಮನಸ್ಸು ಚೆನ್ನಾಗಿದ್ದ ದಿನ ಟೆಡ್. ಒಳ್ಳೆಯ ಉಣ್ಣೆಯ ಕೋಟಿನ ಹಾಗೆ ಅದು. ಯಾರ ಮೈಗೂ ಒಗ್ಗುತ್ತದೆ, ಹರಿಯುವುದಿಲ್ಲ, ತೊಟ್ಟವನು ಹೋದರೆ ಮುಂದಿನವನಿಗೆ ಬರುತ್ತದೆ.

ಹಾಗೆ ಅಣ್ಣನ ಕೋಟು ತೊಟ್ಟುಕೊಂಡೇ ಎಪ್ಪತ್ತನಾಲ್ಕು ವರ್ಷ ಬೆವರಿದವನು ನಮ್ಮ ನೆಡ್ ಲಸ್ಕಮ್. ಬೇಲಿ ಕಟ್ಟುವುದು ಅವನ ಕಸುಬು. ಅವನು ಹೆಣೆದ ಬೇಲಿಯನ್ನು ಕುರಿ ದಾಟುವುದು ಹಾಗಿರಲಿ, ಗಾಳಿ ಕೂಡ ಸುತ್ತಿಕೊಂಡು ಗೇಟಿನಿಂದಲೇ ಬರುತ್ತಿತ್ತು. ನಾನು ಅವನ ಪಕ್ಕದ ಮನೆಯವನು, ಸೈಲಸ್, ಸೂರಿಗೆ ಹುಲ್ಲು ಹೊದಿಸುವವನು. ಅವನಿಗಿಂತ ಎಂಟು ವರ್ಷಕ್ಕೆ ಚಿಕ್ಕವನು. ಅವನು ಊರಿಗೆಲ್ಲ ಹೇಳುತ್ತಿದ್ದ ಲೆಕ್ಕದಲ್ಲಿ ಹದಿಮೂರು ವರ್ಷಕ್ಕೆ ಚಿಕ್ಕವನು. ನಡುವಿನ ಆ ಐದು ವರ್ಷದ ಕಥೆಯೇ ಇದು.

ನಮ್ಮ ಕಡೆಯ ಜಮೀನ್ದಾರರು ಮನೆಯನ್ನು ವರ್ಷದ ಲೆಕ್ಕದಲ್ಲಿ ಕೊಡುತ್ತಿರಲಿಲ್ಲ, ಉಸಿರಿನ ಲೆಕ್ಕದಲ್ಲಿ ಕೊಡುತ್ತಿದ್ದರು. ಗುತ್ತಿಗೆಯ ಪತ್ರದಲ್ಲಿ ಮೂರು ಜನರ ಹೆಸರು ಬರೆಯುತ್ತಿದ್ದರು. ಅವಕ್ಕೆ ‘ಜೀವ’ ಎಂದೇ ಕರೆಯುವ ರೂಢಿ. ಆ ಮೂವರಲ್ಲಿ ಒಬ್ಬರು ಉಸಿರಾಡುತ್ತಿರುವವರೆಗೆ ಮನೆ, ತೋಟ, ಹಂದಿಗೂಡು ಎಲ್ಲ ನಿಮ್ಮದು. ಮೂರನೆಯವರ ಉಸಿರು ನಿಂತ ದಿನ ಬೀಗದ ಕೈ ಜಮೀನ್ದಾರರಿಗೆ. ಹೀಗಾಗಿ ನಮ್ಮಲ್ಲಿ ಜೀವ ಎಂದರೆ ಬರಿಯ ಜೀವವಲ್ಲ, ಮನೆಯ ತೊಲೆ. ಕೂಸು ಹುಟ್ಟಿದರೆ ಅಜ್ಜಿಯರು ಮುತ್ತಿಡುವುದಕ್ಕೆ ಮುಂಚೆ ಒಸಡು ನೋಡುತ್ತಿದ್ದರು, ಸಂತೆಯಲ್ಲಿ ಕುದುರೆ ನೋಡಿದ ಹಾಗೆ. ಗಟ್ಟಿಯಾಗಿ ಅತ್ತರೆ ಪತ್ರಕ್ಕೆ ಹೆಸರು.

ಕೆಳಗಿನ ಗಿರಣಿಯ ಮನೆಯವರು ತಮ್ಮ ಕೊನೆಯ ಜೀವವಾದ ಚಿಕ್ಕಪ್ಪ ಸತ್ತ ಮೇಲೂ ಅವನ ಬಾಯಿಗೆ ಚುಂಗಾಣಿ ಸಿಕ್ಕಿಸಿ ಮೂರು ವರ್ಷ ಕಿಟಕಿಯಲ್ಲಿ ಕೂರಿಸಿದ್ದರಂತೆ. ಎಸ್ಟೇಟಿನ ಪಾರುಪತ್ಯಗಾರ ದಾರಿಯಲ್ಲಿ ಹೋಗುವಾಗೆಲ್ಲ ಟೋಪಿ ಎತ್ತಿ ನಮಸ್ಕಾರ ಮಾಡುತ್ತಿದ್ದನಂತೆ. ಬದುಕಿದ್ದಾಗ ಆ ಚಿಕ್ಕಪ್ಪನಿಗೆ ಅಷ್ಟು ಮರ್ಯಾದೆ ಯಾರೂ ಕೊಟ್ಟಿರಲಿಲ್ಲ.

ನೆಡ್‌ನ ಅಪ್ಪ ಏಮಸ್ ಲಸ್ಕಮ್ ತನ್ನ ಮನೆಯ ಪತ್ರಕ್ಕೆ ಹಾಕಿಸಿದ ಮೂರು ಜೀವ ಹೀಗಿದ್ದವು: ತಾನು, ತನ್ನ ಹೆಂಡತಿ ಕೆಜಾಯ, ಒಂದು ವರ್ಷದ ಮಗ ಎಡ್ವರ್ಡ್. ಎರಡು ವರ್ಷ ಕಳೆಯುವುದರೊಳಗೆ ಆ ಮಗು ನಾಯಿಕೆಮ್ಮಿನಲ್ಲಿ ತೀರಿಕೊಂಡಿತು. ಅದಾದ ಮೇಲೆ ಹುಟ್ಟಿದವನಿಗೂ ಎಡ್ವರ್ಡ್ ಎಂದೇ ಹೆಸರಿಟ್ಟರು. ಹೋದ ಮಗುವಿನ ಹೆಸರನ್ನು ಬಂದ ಮಗುವಿಗೆ ಇಡುವುದು ನಮ್ಮಲ್ಲಿ ಹೊಸದೇನಲ್ಲ. ದುಃಖಕ್ಕೂ ಇಡುತ್ತಾರೆ, ಪ್ರೀತಿಗೂ ಇಡುತ್ತಾರೆ. ಕೆಜಾಯಳ ಲೆಕ್ಕದಲ್ಲಿ ಇನ್ನೊಂದು ಕಾರಣವೂ ಇತ್ತು. ಪತ್ರದಲ್ಲಿ ಎಡ್ವರ್ಡ್ ಇದ್ದಾನೆ, ಮನೆಯಲ್ಲಿ ಎಡ್ವರ್ಡ್ ಇದ್ದಾನೆ. ದೂರದ ಎಕ್ಸಿಟರ್ ಪಟ್ಟಣದಲ್ಲಿ ಕೂತ ಪಾರುಪತ್ಯಗಾರನಿಗೆ ಇನ್ನೇನು ಬೇಕು?

ಬೇಕಾಗಿದ್ದದ್ದು ಐದು ವರ್ಷ. ವರ್ಷಕ್ಕೊಮ್ಮೆ ಪಾರುಪತ್ಯಗಾರ ಡ್ರೂ ಸಾಹೇಬರು ಕುದುರೆ ಏರಿ ಬಂದು ಜೀವಗಳನ್ನು ನೋಡಿ ಹೋಗುವ ಪದ್ಧತಿ. ಅಲ್ಲಿಯವರೆಗೆ ಮಗು ಮಲಗಿದೆ ಎಂದು ಸಾಗಹಾಕುತ್ತಿದ್ದ ತಾಯಿ, ನೆಡ್‌ಗೆ ಆರು ತುಂಬಿದ ವರ್ಷ ಅವನನ್ನು ಒಲೆಯ ಮುಂದೆ ನಿಲ್ಲಿಸಿಕೊಂಡಳು.

“ನೋಡು ನೆಡ್, ಯಾರೇ ಕೇಳ್ಲಿ, ನಿಂಗೆ ಹನ್ನೊಂದು ವರ್ಷ.”

“ನಂಗೆ ಆರಲ್ವೇನವ್ವ?”

“ಮನೇಲಿ ಆರು. ಬಾಗ್ಲು ದಾಟಿದ್ರೆ ಹನ್ನೊಂದು. ಪತ್ರದಲ್ಲಿರೋನು ನಿಮ್ಮಣ್ಣ ಕಣೋ. ನೀನು ಅವನ ಜಾಗದಲ್ಲಿ ನಿಂತಿದೀಯ. ನೀನು ಬಾಯಿ ಬಿಟ್ಟೆಯೋ, ನಾವು ಬೀದೀಲಿ.”

ಅಪ್ಪನ ಬೂಟಿಗೆ ಹುಲ್ಲು ತುರುಕಿ, ಅದರೊಳಗೆ ಮಗನನ್ನು ನೆಟ್ಟು, ಮೂರು ಅಂಗಿ ಒಂದರ ಮೇಲೊಂದು ತೊಡಿಸಿ ಬಾಗಿಲಲ್ಲಿ ನಿಲ್ಲಿಸಿದಳು. ಡ್ರೂ ಸಾಹೇಬರು ಕುದುರೆಯಿಂದ ಇಳಿದು ಬಹಳ ಹೊತ್ತು ನೋಡಿದರು.

“ಹನ್ನೊಂದಕ್ಕೆ ಸ್ವಲ್ಪ ಗಿಡ್ಡ ಅಲ್ವೇನಮ್ಮ?”

“ನಮ್ಮಪ್ಪನ ಕಡೆಯೋರು ಹಂಗೇ ಸ್ವಾಮಿ, ತಡವಾಗಿ ಬೆಳೀತಾರೆ. ನಮ್ಮಪ್ಪ ನಲವತ್ತಾದ ಮೇಲೆ ಒಂದು ಗೇಣು ಬೆಳೆದ.”

ಸಾಹೇಬರು ಟೋಪಿಯನ್ನು ಮುಖಕ್ಕೆ ಅಡ್ಡ ಹಿಡಿದು ಜೋರಾಗಿ ಕೆಮ್ಮಿದರು. ಏಮಸ್ ಹಂದಿ ನೋಡಿಕೊಂಡು ಬರುತ್ತೇನೆಂದು ಹಿತ್ತಲಿಗೆ ಹೋದವನು ಸಾಹೇಬರು ಹೊರಡುವವರೆಗೆ ಹಂದಿಯನ್ನೇ ನೋಡುತ್ತಿದ್ದ.

ಊರಿಗೆ ಗೊತ್ತಿರಲಿಲ್ಲವೇ? ಊರಿಗೆಲ್ಲ ಗೊತ್ತಿತ್ತು. ಆದರೆ ಪ್ರತಿ ಮನೆಯ ಬೂಟಿನಲ್ಲೂ ಒಂದಿಷ್ಟು ಹುಲ್ಲು ಇದ್ದೇ ಇತ್ತು. ಯಾರೂ ಬಾಯಿ ಬಿಡಲಿಲ್ಲ. ಬರಬರುತ್ತ ಗೊತ್ತಿದ್ದವರೆಲ್ಲ ಸ್ಮಶಾನ ಸೇರಿದರು.

ನೆಡ್‌ಗೆ ಹನ್ನೆರಡಾದಾಗ ಅಪ್ಪ ಅಟ್ಟದಿಂದ ಬಿದ್ದು ಒಂದೇ ದಿನದಲ್ಲಿ ಹೋದ. ಪತ್ರದ ಪೆಟ್ಟಿಗೆಗೆ ಬೀಗ ಹಾಕಿ ಕೀಲಿಯನ್ನು ಕೆಜಾಯ ಕೊರಳಿಗೆ ಕಟ್ಟಿಕೊಂಡಳು. ಅವಳಿಗೆ ಓದು ಬರುತ್ತಿರಲಿಲ್ಲ, ನೆಡ್‌ಗೂ ಬರುತ್ತಿರಲಿಲ್ಲ. ಓದು ಬರುವವರ ಕೈಗೆ ಅದನ್ನು ಕೊಡುವ ಧೈರ್ಯ ಇಬ್ಬರಿಗೂ ಇರಲಿಲ್ಲ. ಅವಳು ಹೋದ ಮೇಲೆ ಕೀಲಿ ನೆಡ್‌ನ ಕೊರಳಿಗೆ ಬಂತು. ಮೂರು ಜೀವದಲ್ಲಿ ಉಳಿದದ್ದು ಒಂದು, ಅದೂ ಅವನ ಪ್ರಕಾರ ಸತ್ತವನದು.

ಮನುಷ್ಯ ತನ್ನ ವಯಸ್ಸನ್ನು ಕಡಿಮೆ ಹೇಳುವುದು ಎಲ್ಲ ದೇಶದಲ್ಲೂ ಉಂಟು. ಹೆಚ್ಚು ಹೇಳಿ ಹೇಳಿ ಬದುಕುವುದು ಎಂಥ ಕಷ್ಟ ಎಂದು ನೆಡ್‌ನನ್ನು ನೋಡಿ ಕಲಿಯಬೇಕು. ಹದಿನೈದಕ್ಕೆ ಇಪ್ಪತ್ತರವನ ಹಾಗೆ ಹೊರೆ ಹೊತ್ತ. ಮೂವತ್ತಕ್ಕೆ ಬೆನ್ನು ನೋವು ಅಭ್ಯಾಸ ಮಾಡಿಕೊಂಡ. ಐವತ್ತಕ್ಕೆ ಬಾಗಿ ನಡೆಯುವುದನ್ನು ಎಷ್ಟು ಶ್ರದ್ಧೆಯಿಂದ ಕಲಿತನೆಂದರೆ ಐವತ್ತೈದು ಬಂದಾಗ ಅದು ನಿಜವಾಗಿಯೇ ಬಂತು. ಹತ್ತು ವರ್ಷಕ್ಕೊಮ್ಮೆ ಜನಗಣತಿಯವನು ಬಂದರೆ ನೆಡ್ ತಾನೇ ಕಟ್ಟಿದ ಬೇಲಿಯೊಳಗೆ ಅವಿತುಕೊಳ್ಳುತ್ತಿದ್ದ. ಒಂದು ಸಲ ಬೇಲಿ ಎಷ್ಟು ಗಟ್ಟಿಯಾಗಿತ್ತೆಂದರೆ ಅವನನ್ನು ಹೊರಗೆ ತೆಗೆಯಲು ಎರಡು ದಿನ ಹಿಡಿಯಿತು.

ಹೆಂಡತಿ ಟ್ರೈಫೀನಾಗೆ ಗುಟ್ಟು ಹೇಳಿದ್ದು ಎರಡನೇ ಮಗು ಹುಟ್ಟಿದ ಮೇಲೆ. ಗೋಡೆಯಾಚೆಯಿಂದ ನನಗೆ ಪ್ರತಿ ಅಕ್ಷರವೂ ಕೇಳಿಸಿತು.

“ಐದು ವರ್ಷ ದೊಡ್ಡೋನು, ಸ್ವಲ್ಪ ಬುದ್ಧಿ ಬಂದಿರತ್ತೆ ಅಂತ ಒಪ್ಕೊಂಡೆ! ನೋಡಿದ್ರೆ ನನಗಿಂತ ನಾಕು ತಿಂಗಳು ಚಿಕ್ಕೋನು!”

“ಮೆಲ್ಲಗೆ ಮಾತಾಡೇ. ಸೈಲಸ್‌ಗೆ ಕೇಳ್ಸತ್ತೆ.”

“ಕೇಳ್ಸಲಿ! ಮೋಸ ಹೋದೆ ಅಂತ ಅವನಿಗೂ ಗೊತ್ತಾಗ್ಲಿ!”

ಹೀಗೆ ನನಗೂ ಗೊತ್ತಾಯಿತು. ಮರುದಿನ ನೆಡ್ ಒಂದು ಜಾಡಿ ಸೈಡರ್, ನಮ್ಮ ಸೇಬಿನ ಹೆಂಡ, ತಂದು ನನ್ನ ಮೆಟ್ಟಿಲ ಮೇಲೆ ಇಟ್ಟು ಹೋದ. ಸೈಡರ್ ಚೆನ್ನಾಗಿತ್ತು.

ಅವನನ್ನು ನಿಜವಾಗಿ ತಿಂದದ್ದು ಇನ್ನೆರಡು ಸಂಗತಿ. ಒಂದು, ಎಪ್ಪತ್ತೈದು ತುಂಬಿದವರಿಗೆ ಪಾದ್ರಿಗಳು ಕ್ರಿಸ್‌ಮಸ್ ವಾರದಲ್ಲಿ ಹಾಕಿಸುತ್ತಿದ್ದ ಗೋಮಾಂಸದ ಊಟ. ಎಪ್ಪತ್ತಕ್ಕೇ ಅವನಿಗೆ ಅಲ್ಲಿ ಕುರ್ಚಿ ಸಿಕ್ಕಿತು. ಆ ತುಂಡು ಅವನ ಗಂಟಲಲ್ಲಿ ಇಳಿಯುತ್ತಿರಲಿಲ್ಲ. ಕರವಸ್ತ್ರದಲ್ಲಿ ಸುತ್ತಿಕೊಂಡು ಬಂದು ನನ್ನ ನಾಯಿಗೆ ಹಾಕುತ್ತಿದ್ದ. ಇನ್ನೊಂದು, ಖಾಲಿಯಾದ ಎರಡು ಜೀವದ ಜಾಗಕ್ಕೆ ಹೊಸ ಹೆಸರು ಹಾಕಿಸಿಕೋ ಎಂದು ಎಸ್ಟೇಟಿನವರು ಎರಡು ಬಾರಿ ಕರೆದದ್ದು. ಹೆಸರು ಹಾಕಿಸಬೇಕಾದರೆ ಹಳೆಯ ಪತ್ರ ಬಿಚ್ಚಬೇಕು. ನೆಡ್ ಎರಡು ಬಾರಿಯೂ ಒಲ್ಲೆ ಎಂದ. ಜಿಪುಣ ಎಂದರು, ತಿಕ್ಕಲು ಎಂದರು.

ಟ್ರೈಫೀನಾ ತೀರಿಕೊಂಡ ಮೇಲೆ ಅವನ ಮಗಳು ಥರ್ಜಾ, ಕಲ್ಲುಗಣಿಯಲ್ಲಿ ಗಂಡನನ್ನು ಕಳೆದುಕೊಂಡು ಇಬ್ಬರು ಹೆಣ್ಣುಮಕ್ಕಳೊಂದಿಗೆ ಆ ಮನೆಗೇ ಮರಳಿದ್ದಳು. ಕಿಟಕಿಯ ಬಳಿ ಕೂತು ಕೈಗವಸು ಹೊಲಿದು ಮನೆ ನಡೆಸುತ್ತಿದ್ದಳು. ತಲೆಯ ಮೇಲಿನ ಸೂರು ಅಪ್ಪನ ಒಂದು ಉಸಿರಿಗೆ ಕಟ್ಟಿದೆ ಎಂಬುದಷ್ಟೇ ಅವಳಿಗೆ ಗೊತ್ತಿತ್ತು. ಆ ಉಸಿರಿನ ಗುಟ್ಟು ಗೊತ್ತಿರಲಿಲ್ಲ.

“ಅಪ್ಪಾ, ಏಣಿ ಇಳಿ!” “ಅಪ್ಪಾ, ಒದ್ದೆ ಕಾಲುಚೀಲ ಬಿಚ್ಚು!” “ಅಪ್ಪಾ, ಎರಡನೇ ಲೋಟ ಯಾಕೆ?” ಎಂದು ದಿನವಿಡೀ ಅವಳ ಕಾವಲು. ನೆಡ್ ಸೀನಿದರೆ ತಾಯಿ ಮಕ್ಕಳು ಮೂವರೂ ಸೂಜಿ ಕೆಳಗಿಡುತ್ತಿದ್ದರು.

ರಾಜ ಎಡ್ವರ್ಡ್ ಪಟ್ಟಕ್ಕೆ ಬಂದ ಮೂರನೇ ವರ್ಷ ನಮ್ಮ ಎಸ್ಟೇಟಿಗೆ ಹೊಸ ಪಾರುಪತ್ಯಗಾರ ಬಂದ. ಹ್ಯಾಲೆಟ್ ಅಂತ. ಕನ್ನಡಕದ ಮೇಲೆ ಇನ್ನೊಂದು ಕನ್ನಡಕ ಇಟ್ಟುಕೊಂಡು ನೋಡುವಂಥ ಮನುಷ್ಯ. ಕಡತ ತೆರೆದವನಿಗೆ ಮೊದಲೇ ಕಂಡದ್ದು ಮೇಲಿನ ಹಟ್ಟಿಯ ಒಂದು ಜೀವ. ನೂರಾ ಹನ್ನೆರಡು ವರ್ಷ. ಯಾವಾಗ ಕೇಳಿದರೂ ಆಲೂಗಡ್ಡೆ ಅಗೆಯಲು ಹೋಗಿದ್ದಾನೆ ಎಂಬ ಉತ್ತರ. ಹ್ಯಾಲೆಟ್ ಶಾಲೆಯ ಬಾಗಿಲಿಗೆ ಒಂದು ಕಾಗದ ಅಂಟಿಸಿದ. ಮಾರ್ಚ್ ಇಪ್ಪತ್ತೈದರ ಬೆಳಿಗ್ಗೆ ಪ್ರತಿ ಮನೆಯವರೂ ತಮ್ಮ ಪತ್ರ ತರಬೇಕು, ಪಾದ್ರಿಗಳು ಚರ್ಚಿನ ಹುಟ್ಟು ಸಾವಿನ ಪುಸ್ತಕ ತರುತ್ತಾರೆ, ಒಂದೊಂದೇ ಹೆಸರು ತಾಳೆ ನೋಡಲಾಗುವುದು.

ನೆಡ್ ಅದನ್ನು ಬೇರೆಯವರಿಂದ ಓದಿಸಿಕೊಂಡು ನೇರ ನನ್ನ ಹತ್ತಿರ ಬಂದ. ನಾನು ದನದ ಕೊಟ್ಟಿಗೆಯ ಸೂರಿನ ಮೇಲಿದ್ದೆ. ಥರ್ಜಾಳ ಭಯ ಬಿಟ್ಟು ಏಣಿ ಏರಿಯೇ ಬಂದ.

“ಮುಗೀತು ಕಣೋ ಸೈಲಸ್. ಚರ್ಚಿನ ಪುಸ್ತಕದಲ್ಲಿ ಇಬ್ಬರು ಎಡ್ವರ್ಡ್ ಇದಾರೆ. ಒಬ್ಬನ್ನ ಹೂತಿದಾರೆ.”

“ಹೂತಿದ್ದು ನಿನ್ನನ್ನೇ, ಆಮೇಲೆ ವಾಸಿಯಾಯ್ತು ಅನ್ನು.”

“ತಮಾಷೆ ಬೇಡ ಮಾರಾಯ.”

“ಸರಿ, ಆ ಪುಸ್ತಕದ ಹಾಳೆ ಇಲಿ ತಿಂತು ಅನ್ನೋಣ. ಒಳ್ಳೆ ಇಲಿ ನನ್ನ ಹತ್ರ ಇದೆ. ನಮ್ಮ ಅತ್ತೆಯ ಪ್ರಾರ್ಥನಾ ಪುಸ್ತಕನೇ ತಿಂದಿದೆ, ಅನುಭವಸ್ಥ.”

ಅವನು ನಗಲಿಲ್ಲ. ಸೂರಿನ ಮೇಲೆ ಕೂತು ತನ್ನ ಮನೆಯ ಚಿಮಣಿಯನ್ನೇ ನೋಡುತ್ತಿದ್ದ. ಒಳಗೆ ಮೊಮ್ಮಕ್ಕಳಾದ ಲೆಟಿ, ರೋಡಾ ಜಗಳವಾಡುವ ಸದ್ದು ಕೇಳುತ್ತಿತ್ತು.

“ನಂದೇನು, ಇವತ್ತೋ ನಾಳೆಯೋ ಹೋಗೋನು. ಇವರನ್ನ ಎಲ್ಲಿ ಬಿಡ್ಲಿ ಹೇಳು?”

ನಾನು ಮೊದಲು ಇಳಿದು ಏಣಿ ಹಿಡಿದು, ಅವನನ್ನು ಒಂದೊಂದೇ ಮೆಟ್ಟಿಲು ಕೆಳಗಿಳಿಸಿದೆ.

ಅದೇ ವಾರ ಪಾದ್ರಿಗಳ ತೋಟದ ಬೇಲಿ ಸವರಲು ಹೋಗಿದ್ದ ನೆಡ್ ಕತ್ತಿ ಕೆಳಗಿಟ್ಟು, “ಸ್ವಾಮಿ, ಎಡ್ವರ್ಡ್ ಅಂದ್ರೆ ಏನು?” ಎಂದು ಕೇಳಿದನಂತೆ. ಪಾದ್ರಿ ವಿನ್ಸ್ ಅವರಿಗೆ ಹಳೆಯ ಇಂಗ್ಲಿಷ್ ಎಂದರೆ ಪ್ರಾಣ. ಇಪ್ಪತ್ತು ವರ್ಷದಿಂದ ಯಾರಾದರೂ ಕೇಳಲಿ ಎಂದು ಕಾಯುತ್ತಿದ್ದ ಮನುಷ್ಯ. ಕೈಯಲ್ಲಿದ್ದ ಚಹಾ ಹುಲ್ಲಿಗೆ ಚೆಲ್ಲಿ ಓಡಿಬಂದರು.

“ಎಂಥ ಹೆಸರು ನೆಡ್ ಅದು! ಸಾವಿರ ವರ್ಷದ ಹಿಂದಿನದು. ಮೊದಲಿನ ಅರ್ಧ ಅಂದ್ರೆ ಸಿರಿ, ಭಾಗ್ಯ, ಮನೆ ಮಾರು. ಕೊನೆಯ ಅರ್ಧ ಅಂದ್ರೆ ಕಾವಲು. ಸಿರಿ ಕಾಯೋನು ಅಂತ.”

“ಕಾಯೋಕೆ ಅಂತ ಹೆಸರಿಟ್ಟದ್ದು ಒಬ್ಬಂಗೆ, ಕಾದೋನು ಇನ್ನೊಬ್ಬ ಆದ್ರೆ?”

ಪಾದ್ರಿಗಳಿಗೆ ಪ್ರಶ್ನೆ ಅರ್ಥವಾಗಲಿಲ್ಲ. ಆದರೆ ನೆಡ್‌ನ ಮುಖ ನೋಡಿ ಬೇರೆ ಏನೋ ಇದೆ ಎಂದು ತಿಳಿಯಿತು.

“ಚರ್ಚಲ್ಲಿ ನಿನಗೆ ಹೆಸರಿಡೋವಾಗ ನೀರು ಬಿದ್ದಿದ್ದು ಯಾರ ತಲೆ ಮೇಲಪ್ಪ?”

“ನನ್ನ ತಲೆ ಮೇಲೇ ಇರ್ಬೇಕು ಸ್ವಾಮಿ. ನಂಗೆ ನೆನಪಿಲ್ಲ.”

“ಹಾಗಾದ್ರೆ ಅದು ನಿಂದೇ.”

ಸಂಜೆ ನೆಡ್ ಬಂದು ನನಗೆ ಇದನ್ನೆಲ್ಲ ಹೇಳಿ, “ನೋಡು ಸೈಲಸ್, ಅವರು ಒಳ್ಳೇವ್ರು, ಏನೋ ಸಮಾಧಾನಕ್ಕೆ ಹೇಳಿದ್ರು. ಆದ್ರೆ ಕಾವಲಿನೋನೇ ಸುಳ್ಳು ಅಂದ್ಮೇಲೆ ಎಂಥ ಕಾವಲು? ಅವರು ಹಿಡಿಯೋದಕ್ಕೆ ಮುಂಚೆ ನಾನೇ ಹೇಳ್ಬಿಡ್ತೀನಿ,” ಎಂದ. ನಾನು ಎಷ್ಟು ಬೇಡವೆಂದರೂ ಕೇಳಲಿಲ್ಲ.

ಮಾರ್ಚ್ ಇಪ್ಪತ್ತೈದರಂದು ಶಾಲೆಯ ಕೋಣೆಯಲ್ಲಿ ಮಕ್ಕಳ ಬೆಂಚಿನ ಮೇಲೆ ನಲವತ್ತೊಂದು ಮನೆಯವರು ಮೊಣಕಾಲು ಗಲ್ಲಕ್ಕೆ ತಾಗಿಸಿಕೊಂಡು ಕೂತಿದ್ದರು. ಬೆವರಿನಿಂದ ಕಿಟಕಿಯ ಗಾಜಿನ ಒಳಗೆ ಮಳೆ ಬರುತ್ತಿತ್ತು. ಮೇಲಿನ ಹಟ್ಟಿಯವರು ತಮ್ಮ ನೂರಾ ಹನ್ನೆರಡರ ಜೀವ ಆ ದಿನ ಬೆಳಿಗ್ಗೆಯೇ, ಆಲೂಗಡ್ಡೆ ಅಗೆಯುತ್ತಿದ್ದಾಗ ಹಠಾತ್ತನೆ ತೀರಿಕೊಂಡ ಎಂದು ಅತ್ತು ತಿಳಿಸಿದರು. ಹ್ಯಾಲೆಟ್ ಆ ಹೆಸರಿನ ಮೇಲೆ ಗೀಟು ಎಳೆದ.

“ಮುಂದೆ. ಎಡ್ವರ್ಡ್ ಲಸ್ಕಮ್.”

ಥರ್ಜಾ ಅಪ್ಪನ ತೋಳು ಹಿಡಿದು ಎಬ್ಬಿಸಿದಳು. ನೆಡ್ ಪೆಟ್ಟಿಗೆಯನ್ನು ಮೇಜಿನ ಮೇಲಿಟ್ಟ, ಕೊರಳಿನ ಕೀಲಿ ತೆಗೆದು ಅದರ ಮೇಲಿಟ್ಟ, ಟೋಪಿ ತೆಗೆದ.

“ಆ ಹೆಸರಿನೋನು ನಾನಲ್ಲ ಸ್ವಾಮಿ.”

ಹ್ಯಾಲೆಟ್ ತಲೆ ಎತ್ತಿದ. “ಹಾಗಾದ್ರೆ ನೀನ್ಯಾರು?”

“ನಾನೂ ಎಡ್ವರ್ಡೇ. ಆದ್ರೆ ಎರಡನೇಯೋನು. ಪತ್ರದಲ್ಲಿರೋದು ನಮ್ಮಣ್ಣ. ಮೂರು ವರ್ಷದ ಕೂಸಾಗಿದ್ದಾಗಲೇ ಹೋದ. ಆಮೇಲೆ ಹುಟ್ಟಿದ್ದು ನಾನು. ನಂಗೆ ನಡೀತಿರೋದು ಎಪ್ಪತ್ತೊಂಬತ್ತಲ್ಲ, ಎಪ್ಪತ್ನಾಲ್ಕು. ಇಷ್ಟು ವರ್ಷ ಸತ್ತೋನ ಹೆಸರಲ್ಲಿ ಆ ಮನೇಲಿ ಉಂಡೆ. ತಪ್ಪು ನಂದು. ಮಗಳಿಗೆ ಏನೂ ಗೊತ್ತಿಲ್ಲ. ಅವಳನ್ನ, ಮಕ್ಕಳನ್ನ ಆಚೆ ಹಾಕೋದಾದ್ರೆ ಸೇಬು ಕೊಯ್ಯೋವರೆಗಾದ್ರೂ ಬಿಡಿ ಸ್ವಾಮಿ.”

ಥರ್ಜಾ ಅಪ್ಪನ ತೋಳು ಬಿಟ್ಟಳು. “ಅಪ್ಪಾ, ಏನ್ ಹೇಳ್ತಿದೀಯ ನೀನು?” ಎಂದಳು, ಬಹಳ ಮೆಲ್ಲಗೆ. ಜೋರಾಗಿ ಕೂಗಿದ್ದರೆ ನಮಗೆ ಅಷ್ಟು ಸಂಕಟವಾಗುತ್ತಿರಲಿಲ್ಲ.

ಹ್ಯಾಲೆಟ್ ಕೀಲಿ ತಿರುಗಿಸಿದ. ಅರವತ್ತೆರಡು ವರ್ಷದಿಂದ ತೆರೆಯದ ಬೀಗ ಹಂದಿಯ ಹಾಗೆ ಕಿರುಚಿಕೊಂಡಿತು. ಮಡಿಕೆ ಬಿಚ್ಚಿದ. ಒಂದು ಸಲ ಓದಿದ. ತನ್ನ ಕಡತದಲ್ಲಿದ್ದ ಪ್ರತಿ ತೆಗೆದು ಪಕ್ಕದಲ್ಲಿಟ್ಟು ಇನ್ನೊಂದು ಸಲ ಓದಿದ. ಪಾದ್ರಿಗಳ ಪುಸ್ತಕದ ಕಡೆ ನೋಡಿದ.

“ನೀನು ಹುಟ್ಟಿದ್ದು ಯಾವಾಗ ಅಂದೆ?”

“ಸಾವಿರದ ಎಂಟುನೂರ ಮೂವತ್ತು ಸ್ವಾಮಿ. ಹುಲ್ಲು ಕೊಯ್ಯೋ ಕಾಲ.”

“ಈ ಪತ್ರ ಬರೆದಿದ್ದು ಮೂವತ್ತೊಂದನೇ ಇಸವಿ ಸೆಪ್ಟೆಂಬರಲ್ಲಿ.”

ನೆಡ್‌ಗೆ ಅರ್ಥವಾಗಲಿಲ್ಲ. ಯಾರಿಗೂ ಆಗಲಿಲ್ಲ. ಹ್ಯಾಲೆಟ್ ಗಂಟಲು ಸರಿಮಾಡಿಕೊಂಡು ಎಲ್ಲರಿಗೂ ಕೇಳುವ ಹಾಗೆ ಓದಿದ.

ಏಮಸ್ ಲಸ್ಕಮ್ ಎಂಬವನು ತಾನಾಗಿ ಬಂದು, ಹಿಂದಿನ ಪತ್ರದಲ್ಲಿ ಹೆಸರಿಸಿದ ತನ್ನ ಮಗ ಎಡ್ವರ್ಡ್ ತೀರಿಕೊಂಡಿದ್ದಾನೆಂದು ತಿಳಿಸಿ, ಆ ಪತ್ರವನ್ನು ಹಿಂದಕ್ಕೆ ಕೊಟ್ಟಿದ್ದರಿಂದ, ಅದರ ಬದಲಿಗೆ ಈ ಹೊಸ ಪತ್ರ ಬರೆಯಲಾಗಿದೆ. ಇದರ ಜೀವಗಳು ಏಮಸ್, ಅವನ ಹೆಂಡತಿ ಕೆಜಾಯ, ಮತ್ತು ಒಂದು ವರ್ಷ ಮೂರು ತಿಂಗಳ ಅವನ ಈಗಿನ ಮಗ ಎಡ್ವರ್ಡ್.

“ಈ ಎಡ್ವರ್ಡ್ ನೀನೇ ಕಣಯ್ಯ,” ಎಂದ ಹ್ಯಾಲೆಟ್. “ಮನೆ ನಿಂದೇ. ಯಾವತ್ತೂ ನಿಂದೇ ಆಗಿತ್ತು.”

ನೆಡ್ ನಿಂತೇ ಇದ್ದ. ಟೋಪಿಯ ಅಂಚನ್ನು ಬೆರಳಲ್ಲಿ ಒಂದು ಸುತ್ತು ತಿರುಗಿಸಿದ. ಇನ್ನೊಂದು ಸುತ್ತು ತಿರುಗಿಸಿದ.

“ಇನ್ನೊಂದ್ ಸಲ ಓದಿ ಸ್ವಾಮಿ.”

ಓದಿದ. ಈ ಸಲ ಕೊನೆಯ ಸಾಲನ್ನೂ ಓದಿದ. ಈ ಬದಲಾವಣೆಗಾಗಿ ಎಸ್ಟೇಟಿಗೆ ಸಂದದ್ದು: ಚೆರಿ ಎಂಬ ಹೆಸರಿನ ಕೆಂಪು ಹಸು, ಒಂದು.

“ಚೆರಿ!” ಎಂದು ನೆಡ್ ಬೆಂಚಿನ ಮೇಲೆ ದೊಪ್ಪನೆ ಕೂತ. “ಅಯ್ಯೋ ಅಪ್ಪಾ, ನಿನ್ನ!”

ಆಮೇಲೆ ನಮಗೆಲ್ಲ ಹೇಳಿದ. ಚೆರಿ ಅವನ ತಾಯಿ ತವರಿನಿಂದ ತಂದ ಹಸು. ಕೆನೆ ಕಾಯಿಸಿದರೆ ಅದರ ಮೇಲೆ ಚಮಚ ನಿಲ್ಲುವುದಿರಲಿ, ಒಂದು ಸಲ ಬೆಕ್ಕು ಹಾದುಹೋಗಿತ್ತಂತೆ. ಒಂದು ದಿನ ಏಮಸ್ ಬರಿಗೈಯಲ್ಲಿ ಬಂದು, ಚೆರಿ ಜೌಗಿನಲ್ಲಿ ಹೂತುಹೋಯಿತು ಎಂದ. ಕೆಜಾಯ ಅವನ ಕೈಗೆ ಹಗ್ಗ ಕೊಟ್ಟು ಹುಡುಕಿ ಬಾ ಎಂದು ಅಟ್ಟಿದಳು. ಏಮಸ್ ಮೂರು ದಿನ ಸೊಂಟದವರೆಗೆ ಕೆಸರಲ್ಲಿ ನಿಂತು, ಎಕ್ಸಿಟರ್‌ನಲ್ಲಿ ಸುಖವಾಗಿ ಮೇಯುತ್ತಿದ್ದ ಹಸುವನ್ನು ಹುಡುಕಿದ. ಕೆಜಾಯ ಸಾಯುವವರೆಗೆ ಮಗನಿಗಾಗಿ ವರ್ಷಕ್ಕೊಮ್ಮೆ ಅತ್ತರೆ ಆ ಹಸುವಿಗಾಗಿ ವಾರಕ್ಕೊಮ್ಮೆ ಅಳುತ್ತಿದ್ದಳು. ಅಂಥ ಹೆಂಡತಿಗೆ ನಿನ್ನ ಹಸು ಕೊಟ್ಟು ಮಗನ ಹೆಸರು ಸರಿಮಾಡಿಸಿದೆ ಎಂದು ಹೇಳುವ ಗಂಡಸು ಡೆವನ್‌ನಲ್ಲಿ ಇನ್ನೂ ಹುಟ್ಟಿಲ್ಲ. ನಾಳೆ ಹೇಳಿದರಾಯಿತು ಎಂದು ಹನ್ನೊಂದು ವರ್ಷ ಮುಂದೂಡಿ, ಕೊನೆಗೆ ಅಟ್ಟದಿಂದ ಬಿದ್ದು ತಪ್ಪಿಸಿಕೊಂಡ.

ಡ್ರೂ ಸಾಹೇಬರಿಗೂ ಎಲ್ಲ ಗೊತ್ತಿತ್ತು. ಗೊತ್ತಿದ್ದೂ ವರ್ಷ ವರ್ಷವೂ ಬಂದು, ಬೂಟಿನೊಳಗಿನ ಹುಲ್ಲು ನೋಡಿ, ಟೋಪಿಯೊಳಗೆ ನಕ್ಕು ಹೋಗುತ್ತಿದ್ದರು. ಹೇಳಿದರೆ ಗಂಡ ಹೆಂಡಿರ ನಡುವೆ ಯುದ್ಧವಾದೀತು ಎಂದು ಸುಮ್ಮನಿದ್ದಿರಬೇಕು.

ಹ್ಯಾಲೆಟ್ ಕನ್ನಡಕ ತೆಗೆದು ಒರೆಸಿದ. “ನಲವತ್ತೊಂದು ಮನೆಯಲ್ಲಿ ತನ್ನ ವಿರುದ್ಧ ತಾನೇ ನಿಜ ಹೇಳೋಕೆ ಬಂದೋನು ನೀನೊಬ್ನೇ ಲಸ್ಕಮ್. ನೋಡಿದ್ರೆ ಅದೂ ನಿಜ ಅಲ್ಲ.”

ಕೋಣೆಯೇ ನಕ್ಕಿತು. ಥರ್ಜಾ ನಗುತ್ತ, ಅಳುತ್ತ, ಅಪ್ಪನ ಬೆನ್ನಿಗೆ ಗುದ್ದುತ್ತ, “ಒಂದ್ಸಲ ಪೆಟ್ಟಿಗೆ ನನ್ ಕೈಗೆ ಕೊಟ್ಟಿದ್ರೆ ನಾನು ಓದ್ತಿರ್ಲಿಲ್ವಾ! ಓದ್ತಿರ್ಲಿಲ್ವಾ ಅಪ್ಪಾ!” ಎನ್ನುತ್ತಿದ್ದಳು. ಪ್ರತಿ ಗುದ್ದಿಗೂ ನೆಡ್, “ಹೌದು ಮಗಳೆ, ಹೌದು ಮಗಳೆ,” ಎನ್ನುತ್ತಿದ್ದ. ಅವನ ಕಣ್ಣಲ್ಲಿ ನೀರು ಇಳಿಯುತ್ತಿತ್ತು, ಅವನು ಒರೆಸಿಕೊಳ್ಳಲೂ ಇಲ್ಲ.

ಹಿಂತಿರುಗುವಾಗ ದಿಬ್ಬದ ಅರ್ಧದಲ್ಲಿ ನಿಂತ. ಸುಸ್ತಾಯಿತೇನೋ ಎಂದುಕೊಂಡೆ. ಅಲ್ಲ, ಬೆನ್ನು ನೆಟ್ಟಗೆ ಮಾಡುತ್ತಿದ್ದ. ಅಲ್ಲಿಯೇ ನನ್ನ ಕಣ್ಣೆದುರಿಗೆ ನಾಲ್ಕು ಬೆರಳು ಎತ್ತರವಾದ.

“ಐದು ವರ್ಷ ಹಿಂದಕ್ ಬಂತಲ್ಲೋ ಸೈಲಸ್. ಏನ್ ಮಾಡ್ಲಿ ಇವನ್ನ?”

“ನಂಗೆ ಎರಡು ಕೊಡು. ಮೂರು ನೀನಿಟ್ಕೋ.”

“ಹೋಗೋ. ಒಂದು ದಿನಾನೂ ಕೊಡಲ್ಲ.”

ಮರುದಿನ ಬೆಳಿಗ್ಗೆ ಒಂಬತ್ತಾದರೂ ಏಳಲಿಲ್ಲ. ಹುಟ್ಟಿದಾಗಿನಿಂದ ಐದಕ್ಕೆ ಏಳುವವನು. ಥರ್ಜಾ ಗಾಬರಿಯಾಗಿ ಮೂಗಿನ ಹತ್ತಿರ ಕನ್ನಡಿ ಹಿಡಿದಳು. ಕನ್ನಡಿ ಮಂಜಾಯಿತು. ಗೊರಕೆಯೂ ಶುರುವಾಯಿತು. ಮನೆಯವರು, ನಾನು, ಬಾಗಿಲಿಗೆ ಬಂದ ರೊಟ್ಟಿಯವನು, ಎಲ್ಲ ಆ ಗೊರಕೆ ಕೇಳುತ್ತ ಸ್ವಲ್ಪ ಹೊತ್ತು ನಿಂತೆವು.

ಎದ್ದವನು ಮೊದಲು ಪಾದ್ರಿಗಳ ಮನೆಗೆ ಹೋಗಿ, ನಾಲ್ಕು ಕ್ರಿಸ್‌ಮಸ್ಸಿನ ಊಟ ಅನ್ಯಾಯವಾಗಿ ತೆಗೆದುಕೊಂಡೆ ಎಂದು ಒಪ್ಪಿಕೊಂಡ. ಪಾದ್ರಿಗಳು, “ಉಂಡೋನು ಸೈಲಸ್‌ನ ನಾಯಿ ಅಲ್ವೇ, ಅದರ ವಯಸ್ಸು ಕೇಳೋಣ ಬಿಡು,” ಎಂದರು. ಮರುವರ್ಷ ನಿಜವಾಗಿ ಎಪ್ಪತ್ತೈದಾದಾಗ ಅದೇ ಕುರ್ಚಿಯಲ್ಲಿ ಕೂತು ಮೂರು ಬಾರಿ ಬಡಿಸಿಕೊಂಡ. ನನ್ನ ನಾಯಿ ಬಾಗಿಲಲ್ಲಿ ಕಾದು ಕಾದು ಮನೆಗೆ ಬಂತು.

ಇನ್ನೊಂದು ಬದಲಾವಣೆ ಅವನ ಹೆಸರಿನದು. ನೆಡ್ ಎಂದರೆ ತಿರುಗುತ್ತಿರಲಿಲ್ಲ. “ಎಡ್ವರ್ಡ್ ಅನ್ರೋ,” ಎನ್ನುತ್ತಿದ್ದ. “ಪೂರ್ತಿ ಅನ್ರಿ. ಇಷ್ಟು ದಿನ ಕೂಗಿದಾಗೆಲ್ಲ ಇನ್ಯಾರನ್ನೋ ಕರೆದ ಹಂಗಾಗ್ತಿತ್ತು.” ಎರಡು ವಾರ ಊರೆಲ್ಲ ಪೂರ್ತಿ ಅಂದಿತು. ಆಮೇಲೆ ನಾಲಿಗೆ ಸೋತು ಮತ್ತೆ ನೆಡ್‌ಗೇ ಬಂದೆವು. ಅವನೂ ತಿರುಗತೊಡಗಿದ.

ಪತ್ರ ಸ್ವಚ್ಛವಿದೆ ಎಂದ ಮೇಲೆ ಹೊಸ ಜೀವ ಹಾಕಿಸಲು ಇನ್ನೇನು ಅಡ್ಡಿ? ಹ್ಯಾಲೆಟ್ ಜೂನ್ ತಿಂಗಳಲ್ಲಿ ಬರಹೇಳಿದ. ಲೆಟಿ ಒಂದು, ರೋಡಾ ಒಂದು. ಇಬ್ಬರ ಗಂಟಲೂ ಊರಿಗೇ ಗೊತ್ತಿದ್ದದ್ದು, ಇನ್ನು ಎಂಬತ್ತು ವರ್ಷ ಮನೆಗೆ ಭಯವಿಲ್ಲ. ಆದರೆ ನೆಡ್‌ಗೆ ಹೊಸ ಹುಚ್ಚು ಹಿಡಿಯಿತು. ಹೊಸ ಪತ್ರಕ್ಕೆ ಓದು ಬರದವರ ಹಾಗೆ ಅಡ್ಡಗೀಟು ಎಳೆಯುವುದಿಲ್ಲ, ಹೆಸರು ಬರೆಯುತ್ತೇನೆ ಎಂದ. ಥರ್ಜಾ ಕೈಗವಸು ಹೊಲಿಯುತ್ತಲೇ ಕಲಿಸಿದಳು. ಅವನು ಒಲೆಯ ಬಾಗಿಲ ಮೇಲೆ ಸೀಮೆಸುಣ್ಣದಲ್ಲಿ ಬರೆದ, ಹಿಟ್ಟಿನಲ್ಲಿ ಬರೆದ, ಕೆಸರಿನಲ್ಲಿ ಕೋಲಿನಿಂದ ಬರೆದ, ಮಲಗಿದ್ದ ಹಂದಿಯ ಬೆನ್ನ ಮೇಲೂ ಬರೆದ. ಆ ಹಂದಿ ಒಂದು ತಿಂಗಳು ಎಡ್ವರ್ಡ್ ಎಂದೇ ಓಡಾಡಿತು. ಮೂರು ತಿಂಗಳಲ್ಲಿ ಎಡ್ವರ್ಡ್‌ನ ಇಂಗ್ಲಿಷ್ ಅಕ್ಷರ ಆರೂ ಬಂದವು. ಲಸ್ಕಮ್ ಬರಲಿಲ್ಲ. ಅದಕ್ಕೆ ಗೀಟು ಹಾಕಿದರಾಯಿತು ಎಂದ.

ಜೂನಿನ ಆ ದಿನ ಹ್ಯಾಲೆಟ್ ಪತ್ರ ಮುಂದಿಟ್ಟು, “ಗೀಟು ಹಾಕಪ್ಪ, ಸಾಕು. ಕಾನೂನಿಗೆ ಅಷ್ಟೇ ಸಾಕು,” ಎಂದ.

“ಬೇಡ ಸ್ವಾಮಿ. ಗೀಟು ಯಾರ್ದು ಬೇಕಾದ್ರೂ ಆಗ್ಬಹುದು.”

ಬೇಲಿಗೆ ಗೂಟ ಹೊಡೆಯುವವನ ಹಾಗೆ ಲೇಖನಿಯನ್ನು ಮುಷ್ಟಿಯಲ್ಲಿ ಹಿಡಿದ. ಒಂದೊಂದು ಅಕ್ಷರ ಇಟ್ಟ ಮೇಲೂ ಹಿಂದೆ ಸರಿದು, ಸಾಲು ನೆಟ್ಟಗಿದೆಯೇ ಎಂದು ಒಂದು ಕಣ್ಣು ಮುಚ್ಚಿ ನೋಡಿದ. ನಾನು ಲೆಕ್ಕ ಹಾಕಿದ ಪ್ರಕಾರ ಅಷ್ಟು ಹೊತ್ತಿನಲ್ಲಿ ಒಂದು ಕೊಟ್ಟಿಗೆಗೆ ಹುಲ್ಲು ಹೊದಿಸಬಹುದಿತ್ತು. ಯಾರೂ ಅವಸರ ಮಾಡಲಿಲ್ಲ. ಆರನೇ ಅಕ್ಷರ ಮುಗಿಸಿ, ಲಸ್ಕಮ್‌ಗೆ ಒಂದು ಗೀಟು ಎಳೆದು, ಲೇಖನಿ ಕೆಳಗಿಟ್ಟು, ಉದ್ದಕ್ಕೆ ಉಸಿರು ಬಿಟ್ಟ.

ಹ್ಯಾಲೆಟ್ ಪತ್ರ ಮಡಿಸಲು ಕೈ ಚಾಚಿದ. ನೆಡ್ ಅವನ ಮಣಿಕಟ್ಟು ಹಿಡಿದ.

“ಒಣಗ್ಲಿ ಸ್ವಾಮಿ. ಆಮೇಲೆ ಮಡಿಸಿ.”